ಚಲಚ್ಚಿತ್ರದ ಬಿಂಬವೂ ಅರ್ಥವೂ: ಮಾಯಾ ಡೆರೆನ್ನಳ ವಿಚಾರ

ಶಬ್ದವು ಸಂಕೇತದ ಬಲದಿಂದ ಅರ್ಥವನ್ನು ತಿಳಿಸುವುದು. ಛಾಯಾಚಿತ್ರವು ಸಾದೃಶ್ಯದ ಬಲದಿಂದ ತಿಳಿಸುವುದು. ಬೀಗದ ಕೈಯ ಚಿತ್ರವನ್ನು ಕಂಡೊಡನೆ ಅದು ಬೀಗದ ಕೈಯೆಂದು ಯಾರಾದರೂ ಹೇಳಬಲ್ಲರು. ಹೀಗೆ ವಸ್ತುವಿಗೇ ಅಂಟಿಕೊಂಡಿರುವ ಬಿಂಬವು ವಸ್ತುವನ್ನು ಮೀರಿದ ಅರ್ಥವನ್ನು ಹೇಗೆ ಕೊಟ್ಟೀತು? ಈ ಪ್ರಶ್ನೆಯನ್ನು ಕೃತಿಯಲ್ಲಿಯೂ ಶಾಸ್ತ್ರದಲ್ಲಿಯೂ ವಿಚಾರಿಸಿದವರಲ್ಲಿ ಮಾಯಾ ಡೆರೆನ್ ಮುಖ್ಯಳು.

ಈಕೆ ೧೯೧೭ರಲ್ಲಿ ಕೀವ್ ನಗರದಲ್ಲಿ ಹುಟ್ಟಿ, ೧೯೨೨ರಲ್ಲಿ ತಂದೆತಾಯಿಗಳೊಡನೆ ಅಮೆರಿಕೆಗೆ ಬಂದಳು. ೧೯೩೯ರಲ್ಲಿ ಸ್ಮಿತ್ ಕಾಲೇಜಿನ ಎಂ.ಎ. ಪದವಿಗಾಗಿ ಬರೆದ ಪ್ರಬಂಧದ ವಿಷಯವು, ಫ್ರಾನ್ಸಿನ ಪ್ರತೀಕಪಂಥವು ಇಂಗ್ಲಿಷ್ ಕಾವ್ಯದ ಮೇಲೆ ಬೀರಿದ ಪ್ರಭಾವ. ಕಾವ್ಯವಿಚಾರದಲ್ಲಿ ಪಳಗಿದ ಮೇಲೆಯೇ ಆಕೆ ಚಲಚ್ಚಿತ್ರಕ್ಕೆ ಕೈಯಿಟ್ಟಳು.

ಪತಿ ಅಲೆಕ್ಸಾಂಡರ್ ಹ್ಯಾಮಿಡನೊಡನೆ ೧೯೪೩ರಲ್ಲಿ ನಿರ್ಮಿಸಿದ ‘ಮೆಷಸ್ ಆಫ್ ದಿ ಆಫ್ಟರ್‌ನೂನ್’ ಎಂಬುದು ಸುಮಾರು ೧೪ ನಿಮಿಷಗಳ, ಸಂಭಾಷಣೆಯಿಲ್ಲದ ಕೃತಿ. ಅದರಲ್ಲಿ ಮನೆಯ ಬಾಗಿಲನ್ನು ತೆರೆಯುವ ಬೀಗದ ಕೈಯೇ ಮುಂದೆ ನಾಯಿಕೆಯ ಬಾಯಿಂದ ಹೊರಬರುವುದು, ಬಳಿಕ ಚೂರಿಯಾಗುವುದು. ಚೂರಿ ಹಿಡಿದ ಹೆಂಗಸು ಕೋಣೆಯೊಳಗೆ ನಡೆಯುವಾಗ ಒಂದು ಹೆಜ್ಜೆ ಕಡಲ ಮರಳಿನ ಮೇಲೆ, ಒಂದು ಹುಲ್ಲಿನ ಮೇಲೆ, ಒಂದು ಕಲ್ಲುಹಾದಿಯ ಮೇಲೆ, ಮತ್ತೊಂದು ಕೋಣೆಯ ಜಮಖಾನದ ಮೇಲೆ ಬೀಳುವುದು. ಒಂದೊಂದು ಬಿಂಬವೂ ಸಾಮಾನ್ಯವಾದುದೇ. ಅವುಗಳ ಜೋಡಣೆಯಿಂದ ಮಾತ್ರ ಕೋಣೆಯ ಕಿರುದೂರವು ಮನಸ್ಸಿನ ದೀರ್ಘಯಾತ್ರೆಯಾಗುವುದು.

ಇಂತಹ ವಸ್ತುಗಳಿಗೆ ಫ್ರಾಯ್ಡನ ಮನಶ್ಶಾಸ್ತ್ರದಿಂದ ಸಿದ್ಧಾರ್ಥಗಳನ್ನು ತಂದು ಹಚ್ಚುವುದನ್ನು ಡೆರೆನ್ ಒಪ್ಪಲಿಲ್ಲ. ಬೀಗದ ಕೈಯ ಅರ್ಥವನ್ನು ಆ ಕೃತಿಯಲ್ಲಿಯೇ ಹುಡುಕಬೇಕೆಂಬುದು ಆಕೆಯ ನಿಲುವು. ೧೯೬೦ರ ಲೇಖನವೊಂದರಲ್ಲಿ ಈ ವಿಚಾರಕ್ಕೆ ಇನ್ನಷ್ಟು ಆಧಾರ ದೊರೆಯುವುದು: ಛಾಯಾಚಿತ್ರವನ್ನು ಕಂಡವರು ಅದನ್ನು ನಿಜವೆಂದು ನಂಬುವರು, ಕಲೆಗಾರನು ಆ ನಂಬುಗೆಯನ್ನು ಕೆಡಿಸದೆ, ದೇಶಕಾಲಗಳ ಸಂಬಂಧವನ್ನು ಮಾತ್ರ ಹೊಸದಾಗಿ ಕಟ್ಟುವನು.

೧೯೫೩ರಲ್ಲಿ ನ್ಯೂಯಾರ್ಕಿನಲ್ಲಿ ಕಾವ್ಯ ಮತ್ತು ಚಲಚ್ಚಿತ್ರಗಳ ವಿಷಯವಾಗಿ ನಡೆದ ಗೋಷ್ಠಿಯಲ್ಲಿ ಆಕೆ ಒಂದು ಭೇದವನ್ನು ಮುಂದಿಟ್ಟಳು: ನಾಟಕವು ಘಟನೆಯಿಂದ ಘಟನೆಗೆ ಅಡ್ಡಲಾಗಿ ಸಾಗುವುದು, ಕಾವ್ಯವು ಒಂದೇ ಕ್ಷಣದೊಳಕ್ಕೆ ನೇರವಾಗಿ ಇಳಿಯುವುದು. ಸಭೆಯಲ್ಲಿದ್ದ ಡಿಲನ್ ಥಾಮಸ್, ಆರ್ಥರ್ ಮಿಲ್ಲರ್ ಇಬ್ಬರಿಗೂ ಇದು ಸಮ್ಮತವಾಗಲಿಲ್ಲ. ಅವರ ಶಂಕೆ ನಿರಾಧಾರವಲ್ಲ. ಉತ್ತಮ ನಾಟಕದಲ್ಲಿ ಎರಡು ಗತಿಗಳೂ ಬೆರೆತಿರುವುವು. ಆದರೂ ಕಥೆಯಿಲ್ಲದ ಚಿತ್ರವು ಅರ್ಥಹೀನವೆಂಬ ಆಕ್ಷೇಪಕ್ಕೆ ಈ ಭೇದದಿಂದ ಸಮಾಧಾನ ದೊರೆಯುವುದು.

ಧ್ವನಿಸಿದ್ಧಾಂತವನ್ನು ಬಲ್ಲವರಿಗೆ ಇದು ತೀರ ಅಪರಿಚಿತವಲ್ಲ. ವಾಚ್ಯವನ್ನು ಆಶ್ರಯಿಸಿ, ಪ್ರಕರಣದ ನೆರವಿನಿಂದ ವ್ಯಂಗ್ಯವು ತೋರುವಂತೆ, ಇಲ್ಲಿ ಕಂಡ ವಸ್ತುವನ್ನು ಆಶ್ರಯಿಸಿ ಕಾಣದ ಅರ್ಥವು ಹೊಳೆಯುವುದು. ಆದಕಾರಣ ಚಿತ್ರವನ್ನಾಗಲಿ ಕವಿತೆಯನ್ನಾಗಲಿ ಬೋಧಿಸುವವರು, ಇದು ಯಾವುದರ ಸಂಕೇತ ಎಂದು ಕೇಳುವುದಕ್ಕಿಂತ, ಇದರ ಹಿಂದೆ ಏನಿದೆ, ಮುಂದೆ ಏನು ಬರುತ್ತದೆ ಎಂದು ಕೇಳುವುದು ಲೇಸು.