ಶೆಟ್ಟಿಹಳ್ಳಿಯಲ್ಲಿ ಒಂದು ಹೊಸ್ತಿಲು

ಕಳೆದ ತಪಸ್ಸುಕಾಲದಲ್ಲಿ ನಮ್ಮ ಧರ್ಮಕೇಂದ್ರದ ಹಿರಿಯರೊಬ್ಬರು ನಮ್ಮನ್ನು ಶೆಟ್ಟಿಹಳ್ಳಿಗೆ ಕರೆದೊಯ್ದರು. ಅದು ಅವರು ಹುಟ್ಟಿ ಬೆಳೆದ ಊರು. ಹಾಸನದಿಂದ ಸುಮಾರು 20 ಕಿಲೋಮೀಟರ್ ದೂರ. ಫ್ರೆಂಚ್ ಮಿಷನರಿಗಳು 1860ರ ಸುಮಾರಿಗೆ ಕಟ್ಟಿಸಿದ ಜಪಮಾಲೆ ಮಾತೆಯ ದೇವಾಲಯವು ಅಲ್ಲಿ ಛಾವಣಿಯಿಲ್ಲದೆ ನಿಂತಿರುವುದನ್ನು ಓದುಗರಲ್ಲಿ ಅನೇಕರು ಚಿತ್ರಗಳಲ್ಲಾದರೂ ಕಂಡಿರಬಹುದು. 1979ರಲ್ಲಿ ಗೊರೂರಿನ ಹೇಮಾವತಿ ಅಣೆಕಟ್ಟು ಪೂರ್ಣಗೊಂಡಿತು. ಹಿನ್ನೀರು ಊರನ್ನು ನುಂಗಿತು. ಅದೇ ನೀರು ಮಂಡ್ಯ, ತುಮಕೂರಿನ ಹೊಲಗಳಿಗೂ ಹರಿಯುತ್ತಿದೆ ಎಂಬುದನ್ನು ಮರೆಯಲಾಗದು. ಒಳ್ಳೆಯ ಮಳೆಗಾಲದಲ್ಲಿ ಭಾಗಶಃ ಮುಳುಗುವ ದೇವಾಲಯದ ಸುತ್ತ ಬೇಸಿಗೆಯಲ್ಲಿ ಮತ್ತೆ ನೆಲ ಕಾಣುತ್ತದೆ.

ಹಿರಿಯರು ಅದರ ಕಮಾನುಗಳನ್ನು ನೋಡುತ್ತ ನಿಲ್ಲಲಿಲ್ಲ. ಮುಖ್ಯದ್ವಾರಕ್ಕೆ ಬೆನ್ನು ಮಾಡಿ, ಹೆಜ್ಜೆ ಎಣಿಸುತ್ತ ನಡೆದರು. ಬಾಲ್ಯದಲ್ಲಿ ಪೂಜೆ ಮುಗಿಸಿ ಮನೆಗೆ ಮರಳುವಾಗ ಎಣಿಸುತ್ತಿದ್ದ ಲೆಕ್ಕವಂತೆ. ಹುಡುಗನ ಹೆಜ್ಜೆಯ ಲೆಕ್ಕ ಈಗ ಹೊಂದುವುದೇ ಎಂದು ಕೇಳಿದೆವು. ಮಂಡಿನೋವು ಬಂದ ಮೇಲೆ ಹೆಜ್ಜೆ ಮತ್ತೆ ಹುಡುಗನದೇ ಆಗಿದೆ ಎಂದು ನಕ್ಕರು. ಬಿರಿದ ಕೆಸರಿನಲ್ಲಿ ಹುದುಗಿದ್ದ ಕಲ್ಲಿನ ಸಾಲೊಂದರ ಮುಂದೆ ನಿಂತರು.

ಊರು ಬಿಡುವ ದಿನ ಅವರ ತಾಯಿ ಮನೆಯನ್ನು ಗುಡಿಸತೊಡಗಿದ್ದರಂತೆ. ಸಾಮಾನೆಲ್ಲ ಗಾಡಿಗೇರಿತ್ತು. ಮುಳುಗುವ ಮನೆಗೆ ಕಸ ಗುಡಿಸುವುದೇಕೆ ಎಂದು ಮಗ ಗದರಿ, ಪೊರಕೆಯನ್ನು ಕಿತ್ತು ಎಸೆದರು. ತಾಯಿ ಮರುಮಾತಾಡದೆ ಗಾಡಿ ಹತ್ತಿದರು. ತೀರಿಕೊಳ್ಳುವವರೆಗೂ ಆ ಮಾತನ್ನೆತ್ತಲಿಲ್ಲ.

ಗತಿಸಿದ ದುಃಖವನ್ನು ದುಃಖಪಡದೆಯೂ ನೆನೆಯಬಹುದೆಂದು ಸಂತ ಅಗಸ್ಟೀನರು ತಮ್ಮ 'ಕನ್ಫೆಷನ್ಸ್' ಗ್ರಂಥದ ಹತ್ತನೆಯ ಭಾಗದಲ್ಲಿ ವಿಚಾರ ಮಾಡುತ್ತಾರೆ. ಗುರುಮಠದಲ್ಲಿ ಅದನ್ನೋದಿ ನಾವು ತಲೆದೂಗಿದ್ದುಂಟು. ಆದರೆ ಅಂದು ದುಃಖವೇ ಆಗಿರದಿದ್ದುದು, ಬರಿಯ ಅವಸರವಾಗಿದ್ದುದು, ನಾಲ್ಕು ದಶಕಗಳಾಚೆ ದುಃಖವಾಗಿ ಎದ್ದು ಬರುವುದಕ್ಕೆ ಏನೆನ್ನಬೇಕು? ಆಗ ನಾವು ಇದನ್ನು ಕೇಳಿರಲಿಲ್ಲ. ನಮಗೆ ಇಪ್ಪತ್ತೆರಡು ವರ್ಷ. ಪಾಪನಿವೇದನೆಯಲ್ಲಿ ಇದಕ್ಕೆ ಸಿದ್ಧ ಉತ್ತರವುಂಟು. ಆ ಬಯಲಿನಲ್ಲಿ ಅದನ್ನು ಹೇಳಲು ನಮಗೆ ಬಾಯಿ ಬರಲಿಲ್ಲ.

ದೇವಾಲಯದ ಬಳಿ ಮದುವೆಯ ಜೋಡಿಯೊಂದು ಚಿತ್ರ ತೆಗೆಸಿಕೊಳ್ಳುತ್ತಿತ್ತು. ಹಿರಿಯರು ಹೆಗಲ ಟವಲನ್ನು ಮಡಿಸಿ, ಬಾಗಿ, ಕಲ್ಲಿನ ಮೇಲಿನ ಒಣಕೆಸರನ್ನು ಗುಡಿಸತೊಡಗಿದರು. ಒಂದು ಹೊಸ್ತಿಲಿನಷ್ಟು ಕಲ್ಲು ಕಂಡಿತು. ಚಾಲಕ ಎರಡು ಬಾರಿ ಹಾರ್ನ್ ಮಾಡಿದನು. ಸ್ವಲ್ಪ ಇರೆಂದು ನಾವೇ ಕೈ ತೋರಿಸಿದೆವು.