ದುಡಿಯುವ ಕೈಗೆ ಬರುವ ಮೊಣಕೈ ನೋವು

ಕಬ್ಬು ಕಡಿಯುವುದು, ಸೌದೆ ಒಡೆಯುವುದು, ಗುದ್ದಲಿಯಿಂದ ಬದು ಹಾಕುವುದು, ಎರಡು ಹೊತ್ತು ಹಾಲು ಕರೆಯುವುದು ಇವೆಲ್ಲ ಮುಂಗೈಯ ಕೆಲಸಗಳು. ಬಿಡುವಿಲ್ಲದೆ ಮಾಡಿದರೆ ಮೊಣಕೈಯ ಹೊರಬದಿಯಲ್ಲಿ ನೋವು ಕಾಣಿಸಿಕೊಳ್ಳಬಹುದು. ವೈದ್ಯರು ಇದನ್ನು ‘ಟೆನಿಸ್ ಎಲ್ಬೋ’ ಎನ್ನುತ್ತಾರೆ. ಹೆಸರು ಆಟದ್ದಾದರೂ ಈ ನೋವು ಬಂದವರಲ್ಲಿ ಹೆಚ್ಚಿನವರು ಟೆನಿಸ್ ಆಡಿದವರಲ್ಲ.

ಮಣಿಕಟ್ಟನ್ನು ಮೇಲೆತ್ತುವ ಸ್ನಾಯುಗಳು ಹುರಿಯಂಥ ನಾರಿನ ಮೂಲಕ ಮೊಣಕೈ ಮೂಳೆಯ ಹೊರ ಉಬ್ಬಿಗೆ ಅಂಟಿಕೊಂಡಿವೆ. ಹಿಡಿಕೆಯನ್ನು ಬಿಗಿಹಿಡಿದಾಗಲೆಲ್ಲ ಈ ನಾರು ಜಗ್ಗುತ್ತದೆ. ಪದೇ ಪದೇ ಜಗ್ಗಿದರೆ ಅದರ ಎಳೆಗಳು ಸವೆಯುತ್ತವೆ.

ಗುರುತಿಸುವುದು ಹೇಗೆ?

ಆ ಉಬ್ಬನ್ನು ಒತ್ತಿದರೆ ನೋವಾಗುತ್ತದೆ. ತುಂಬಿದ ಚೆಂಬು ಎತ್ತುವಾಗ, ಬಟ್ಟೆ ಹಿಂಡುವಾಗ ಚಳುಕು ಬರುತ್ತದೆ. ಕೈ ನೀಡಿ, ಮುಷ್ಟಿ ಕಟ್ಟಿ, ಅಂಗೈ ಕೆಳಮುಖ ಮಾಡಿ ಮಣಿಕಟ್ಟನ್ನು ಮೇಲೆತ್ತಬೇಕು. ಇನ್ನೊಬ್ಬರು ಅದನ್ನು ಕೆಳಗೆ ಒತ್ತಬೇಕು. ಆಗ ಅದೇ ಜಾಗ ನೋಯುತ್ತದೆ. ಸಾಮಾನ್ಯವಾಗಿ ಎಕ್ಸ್-ರೇ ಬೇಕಾಗುವುದಿಲ್ಲ.

ಬೆರಳು ಜೋಮು ಹಿಡಿದರೆ, ಕುತ್ತಿಗೆಯಿಂದ ನೋವು ಇಳಿದರೆ, ಕೀಲು ಊದಿ ಬಿಸಿಯಾದರೆ, ಜ್ವರವಿದ್ದರೆ ಅಥವಾ ಬಿದ್ದು ಪೆಟ್ಟಾಗಿದ್ದರೆ ತಡಮಾಡದೆ ವೈದ್ಯರಿಗೆ ತೋರಿಸಬೇಕು.

ಚಿಕಿತ್ಸೆ

ನೋವು ತರುವ ಕೆಲಸವನ್ನು ಕೆಲವು ವಾರ ಕಡಿಮೆ ಮಾಡುವುದೇ ಮೊದಲ ಮದ್ದು. ಕೈಯನ್ನು ಪೂರ್ತಿ ಕಟ್ಟಿಹಾಕಬಾರದು. ಬಟ್ಟೆಯಲ್ಲಿ ಸುತ್ತಿದ ಮಂಜುಗಡ್ಡೆಯನ್ನು ಹತ್ತು ನಿಮಿಷ ಇಡಬಹುದು. ಮೊಣಕೈಗಿಂತ ಎರಡು ಬೆರಳು ಕೆಳಗೆ ಕಟ್ಟುವ ಪಟ್ಟಿ ಕೆಲವರಿಗೆ ಅನುಕೂಲ. ಹೊಟ್ಟೆಹುಣ್ಣು, ಮೂತ್ರಪಿಂಡದ ತೊಂದರೆ, ರಕ್ತದೊತ್ತಡ ಇರುವವರು ವೈದ್ಯರನ್ನು ಕೇಳದೆ ನೋವಿನ ಮಾತ್ರೆ ನುಂಗಬಾರದು.

ವ್ಯಾಯಾಮ ಮುಖ್ಯ. ಮುಂಗೈಯನ್ನು ಮೇಜಿನ ಮೇಲಿಟ್ಟು, ಅಂಗೈ ಕೆಳಮುಖವಾಗಿ ಹಸ್ತವನ್ನು ಅಂಚಿನಿಂದ ಆಚೆ ಚಾಚಿ, ಅರ್ಧ ಕಿಲೋ ತೂಕ ಹಿಡಿಯಬೇಕು. ಇನ್ನೊಂದು ಕೈಯಿಂದ ಹಸ್ತವನ್ನು ಮೇಲೆತ್ತಿ, ಬಳಿಕ ನಿಧಾನವಾಗಿ ಕೆಳಗಿಳಿಸಬೇಕು. ದಿನಕ್ಕೆ ಹತ್ತರಂತೆ ಮೂರು ಸಲ ಮಾಡಬೇಕು. ನೋವು ಹೆಚ್ಚಾದರೆ ತೂಕ ಇಳಿಸಬೇಕು.

ಕಟಾವಿನ ಅವಸರದಲ್ಲಿ ಸ್ಟಿರಾಯ್ಡ್ ಚುಚ್ಚುಮದ್ದಿಗೆ ಮನಸೋಲುವವರು ಯೋಚಿಸಬೇಕು. ಅದರಿಂದ ನೋವು ಬೇಗ ಇಳಿಯುವುದು ನಿಜ. ಆದರೆ 2013ರಲ್ಲಿ ಪ್ರಕಟವಾದ ಆಸ್ಟ್ರೇಲಿಯದ ಅಧ್ಯಯನದಲ್ಲಿ, ಅದನ್ನು ಪಡೆದವರಲ್ಲಿ ಶೇಕಡಾ 54 ಮಂದಿಗೆ ವರ್ಷದೊಳಗೆ ನೋವು ಮರುಕಳಿಸಿತು. ಔಷಧವಿಲ್ಲದ ಚುಚ್ಚುಮದ್ದು ಪಡೆದವರಲ್ಲಿ ಶೇಕಡಾ 12 ಮಂದಿಗೆ ಮಾತ್ರ.

ಹೆಚ್ಚಿನವರಿಗೆ ಒಂದು ವರ್ಷದೊಳಗೆ ನೋವು ತಾನಾಗಿ ವಾಸಿಯಾಗುತ್ತದೆ. ಶಸ್ತ್ರಚಿಕಿತ್ಸೆ ಬೇಕಾಗುವುದು ವಿರಳ.

ಮುನ್ನೆಚ್ಚರಿಕೆ

ಕುಡುಗೋಲು, ಕೊಡಲಿಗಳನ್ನು ಹರಿತವಾಗಿಡಿ. ಮೊಂಡಾದರೆ ಕೈಗೆ ಹೆಚ್ಚು ಪೆಟ್ಟು. ತೆಳುವಾದ ಹಿಡಿಕೆಗೆ ಹಳೆಯ ಸೈಕಲ್ ಟ್ಯೂಬ್ ಸುತ್ತಿ. ಭಾರವನ್ನು ಅಂಗೈ ಮೇಲ್ಮುಖವಾಗಿ, ಮೊಣಕೈ ಮಡಿಸಿ, ಮೈಗೆ ಹತ್ತಿರ ಹಿಡಿದು ಎತ್ತಿ. ಗಂಟೆಗೊಮ್ಮೆ ಕೆಲಸ ಬದಲಿಸಿ.