ಡಿಸ್ಕ್ ನಮ್ಮದಾದರೆ ಆಟ ಉಳಿಸಿಕೊಳ್ಳುವ ಕೆಲಸವೂ ನಮ್ಮದೇ

‘ಡಿಸ್ಕ್ ರೀಡ್ ಎರರ್.’ ಪ್ಲೇಸ್ಟೇಷನ್ 2 ಇದ್ದ ಮನೆಯ ಹುಡುಗರಿಗೆಲ್ಲ ಈ ಮೂರು ಪದಗಳ ಪರಿಚಯ ಇದ್ದೇ ಇರುತ್ತದೆ. ಮೊದಮೊದಲು ಡಿಸ್ಕನ್ನು ಮೆತ್ತನೆ ಬಟ್ಟೆಯಲ್ಲಿ ಒರೆಸಿ ಹಾಕಿದರೆ ಆಟ ಓಡುತ್ತದೆ. ಆಮೇಲಾಮೇಲೆ ಕನ್ಸೋಲನ್ನು ಓರೆಯಾಗಿ ನಿಲ್ಲಿಸಿ, ಮಗುಚಿ ಹಾಕಿ, ದೇವರಿಗೆ ಕೈಮುಗಿದರೆ ಓಡುತ್ತದೆ. ಕೊನೆಗೊಂದು ದಿನ ಏನು ಮಾಡಿದರೂ ಓಡುವುದಿಲ್ಲ. ಎಷ್ಟೋ ಸಲ ಡಿಸ್ಕಿಗೆ ಏನೂ ಆಗಿರುವುದಿಲ್ಲ. ಅದನ್ನು ಓದುವ ಲೇಸರ್ ಲೆನ್ಸಿಗೆ ವಯಸ್ಸಾಗಿರುತ್ತದೆ, ಅಷ್ಟೆ.

ಈ ಕನ್ಸೋಲ್ ಜಪಾನ್‌ನಲ್ಲಿ ಬಿಡುಗಡೆಯಾಗಿದ್ದು 2000ದ ಮಾರ್ಚ್‌ನಲ್ಲಿ. ಜಗತ್ತಿನಾದ್ಯಂತ 15 ಕೋಟಿಗೂ ಹೆಚ್ಚು ಮಾರಾಟವಾಗಿ, 2013ರ ಆರಂಭದ ಹೊತ್ತಿಗೆ ತಯಾರಿಕೆ ನಿಂತೇಹೋಯಿತು. ಅಂದರೆ ಎಲ್ಲಕ್ಕಿಂತ ಕೊನೆಗೆ ತಯಾರಾದ ಪಿಎಸ್2ಗೂ ಈಗ ಹತ್ತು ವರ್ಷ ದಾಟಿದೆ. ನಮ್ಮೂರಿನ ರಿಪೇರಿ ಅಂಗಡಿಯವರು ನಮ್ಮದನ್ನು ಬಿಚ್ಚಿ ನೋಡಿ, ‘ಲೆನ್ಸ್ ಸಿಗಲ್ಲಪ್ಪ, ಸಿಕ್ಕಿದ್ರೂ ಅದೂ ಇಷ್ಟೇ ಹಳೇದು’ ಎಂದು ಸ್ಕ್ರೂ ಹಾಕಿ ಕೊಟ್ಟರು. ಒಳ್ಳೆಯವರು, ದುಡ್ಡು ತೆಗೆದುಕೊಳ್ಳಲಿಲ್ಲ.

ಯಂತ್ರ ಹೋದರೆ ಆಟವೂ ಹೋದ ಹಾಗೇನಾ? ಇಲ್ಲ. ಆಟ ಇರುವುದು ಡಿಸ್ಕಿನಲ್ಲಿ. ಆ ಡಿಸ್ಕನ್ನು ಕಂಪ್ಯೂಟರಿನಲ್ಲೇ ಆಡಿಸುವ ಸಾಫ್ಟ್‌ವೇರ್‌ಗೆ ಎಮ್ಯುಲೇಟರ್ ಎನ್ನುತ್ತಾರೆ. ಹಗಲುವೇಷದವರು ಮನೆ ಬಾಗಿಲಿಗೆ ಥೇಟ್ ಪೊಲೀಸಪ್ಪನ ಹಾಗೆ ಬಂದು ನಿಲ್ಲುತ್ತಾರಲ್ಲ, ಹಾಗೆ ಕಂಪ್ಯೂಟರ್ ಇಲ್ಲಿ ಪ್ಲೇಸ್ಟೇಷನ್ನಿನ ವೇಷ ಹಾಕುತ್ತದೆ. ಆಟದ ಪ್ರೋಗ್ರಾಂ ತಾನು ನಿಜವಾದ ಕನ್ಸೋಲಿನ ಒಳಗೇ ಇದ್ದೇನೆ ಎಂದುಕೊಂಡು ಓಡುತ್ತದೆ. ಪಿಎಸ್2ಗೆ ಇರುವ ಪ್ರಸಿದ್ಧ ಎಮ್ಯುಲೇಟರ್‌ನ ಹೆಸರು ‘ಪಿಸಿಎಸ್ಎಕ್ಸ್2’. 2002ರಿಂದಲೂ ಆಸಕ್ತರೇ ಸೇರಿ ಬೆಳೆಸುತ್ತಿರುವ ಉಚಿತ, ಮುಕ್ತ ತಂತ್ರಾಂಶ ಇದು. ಆದರೆ ಅದು ಬರೀ ವೇಷಧಾರಿ. ಆಟವನ್ನು ನಾವೇ ಕೊಡಬೇಕು.

ಈ ವಿಷಯ ಹೇಳಿದಾಗ ನನ್ನ ರೂಮ್‌ಮೇಟ್ ನಕ್ಕುಬಿಟ್ಟ. ‘ಲೋ, ನೆಟ್‌ನಲ್ಲಿ ಹತ್ತು ನಿಮಿಷಕ್ಕೆ ಎಲ್ಲಾ ಗೇಮೂ ಸಿಗುತ್ತೆ. ಡಿಸ್ಕ್ ಕಾಪಿ ಮಾಡ್ಕೊಂಡು ಕೂತ್ಕೋತೀಯಾ? ನಿಂಗೇನು ಹುಚ್ಚಾ?’ ಅವನ ಪ್ರಶ್ನೆ ನ್ಯಾಯವಾದದ್ದೇ. ಅದಕ್ಕೆ ಉತ್ತರ ಹುಡುಕುತ್ತಲೇ ನಾನು ಈ ಕೆಲಸ ಮುಗಿಸಿದ್ದು.

ಮೊದಲ ಉತ್ತರ ಕಾನೂನಿನದು. ನಮ್ಮ ದೇಶದ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್, ಯಾವುದು ಕೃತಿಚೌರ್ಯ ಅಲ್ಲ ಎಂದು ಪಟ್ಟಿ ಮಾಡುತ್ತದೆ. ಕಂಪ್ಯೂಟರ್ ಪ್ರೋಗ್ರಾಂ ಒಂದರ ಪ್ರತಿಯನ್ನು ಕಾನೂನುಬದ್ಧವಾಗಿ ಹೊಂದಿರುವವರು, ಅದು ಕಳೆದುಹೋಗದಂತೆ, ಹಾಳಾಗದಂತೆ ಕಾಪಾಡಿಕೊಳ್ಳಲು ಬ್ಯಾಕಪ್ ಪ್ರತಿ ಮಾಡಿಕೊಳ್ಳುವುದಕ್ಕೆ ಅದರಲ್ಲಿ ಅವಕಾಶವಿದೆ. ತಾನೇ ಕಾನೂನುಬದ್ಧವಾಗಿ ಪಡೆದ ಪ್ರತಿಯಿಂದ ಸ್ವಂತ ಬಳಕೆಗೆ, ವ್ಯಾಪಾರದ ಉದ್ದೇಶವಿಲ್ಲದೆ ನಕಲು ಮಾಡಿಕೊಳ್ಳುವುದಕ್ಕೂ ಅವಕಾಶವಿದೆ. ಎರಡೂ ಮಾತಿನಲ್ಲಿ ತೂಕ ಇರುವುದು ‘ಕಾನೂನುಬದ್ಧ’ ಎಂಬ ಪದಕ್ಕೆ. ಬೇರೆ ಯಾರೋ ನೆಟ್‌ಗೆ ಏರಿಸಿದ ಪ್ರತಿಯನ್ನು ಇಳಿಸಿಕೊಂಡು ‘ಇದು ನನ್ನ ಬ್ಯಾಕಪ್’ ಎಂದರೆ, ಅದು ಪಕ್ಕದ ಮನೆಯ ಮಾವಿನಕಾಯಿ ಕಿತ್ತು ತಂದು ನಮ್ಮ ಗಿಡದ್ದು ಎಂದ ಹಾಗೆ.

ಹೀಗಾಗಿ ಕಾಪಿ ಮಾಡುವ ಮುಂಚೆ ಡಬ್ಬದಲ್ಲಿದ್ದ ಡಿಸ್ಕ್‌ಗಳನ್ನು ಬೇರ್ಪಡಿಸಬೇಕಾಯಿತು. ಕನ್ಸೋಲ್ ನಮ್ಮ ಅಣ್ಣನದು. ಮೊದಲ ಸಂಬಳದಲ್ಲಿ ಸೆಕೆಂಡ್ ಹ್ಯಾಂಡ್ ತಂದದ್ದು. ಡಿಸ್ಕ್‌ಗಳ ಡಬ್ಬವೂ ಅದರ ಜೊತೆಗೇ ಬಂದಿತ್ತು. ಮಸ್ಕತ್‌ಗೆ ಕೆಲಸಕ್ಕೆ ಹೋಗುವಾಗ ‘ಎಲ್ಲಾ ನಿಂದೇ, ಇಟ್ಕೊ’ ಎಂದು ಕೊಟ್ಟುಹೋದ. ಒಟ್ಟು 23 ಡಿಸ್ಕ್. ಆ ಕಾಲದಲ್ಲಿ ಕನ್ಸೋಲಿಗೆ ‘ಚಿಪ್’ ಹಾಕಿಸಿ, ಪೇಟೆಯ ಅಗ್ಗದ ನಕಲಿ ಡಿಸ್ಕ್ ಆಡುವುದು ಎಲ್ಲೆಡೆ ಇತ್ತು. ಅಂಥವನ್ನು ಗುರುತಿಸುವುದು ಸುಲಭ. ಮನೆಯಲ್ಲಿ ಬರ್ನ್ ಮಾಡಿದ ಡಿವಿಡಿಯ ಕೆಳಭಾಗಕ್ಕೆ ನೇರಳೆ ಛಾಯೆ ಇರುತ್ತದೆ. ಕಾರ್ಖಾನೆಯಲ್ಲಿ ಅಚ್ಚಾದ ಅಸಲಿ ಡಿವಿಡಿ ಬೆಳ್ಳಗೆ ಬೆಳ್ಳಿಯ ಹಾಗಿರುತ್ತದೆ. ಸಿ.ಡಿ. ರೂಪದಲ್ಲಿ ಬಂದ ಕೆಲವು ಅಸಲಿ ಪಿಎಸ್2 ಆಟಗಳಿಗೆ ನೀಲಿ ತಳ. 23ರಲ್ಲಿ ಅಸಲಿ ಸಿಕ್ಕಿದ್ದು ಒಂಬತ್ತು. ಉಳಿದ ಹದಿನಾಲ್ಕನ್ನು ನಾನು ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ.

ಇನ್ನು ಕೆಲಸದ ವಿಷಯ. ಈಗಿನ ಲ್ಯಾಪ್‌ಟಾಪ್‌ಗಳಲ್ಲಿ ಡಿವಿಡಿ ಡ್ರೈವ್ ಇರುವುದಿಲ್ಲ. ಊರಿನ ಫೋಟೊ ಸ್ಟುಡಿಯೊದವರ ಹತ್ತಿರ ಮದುವೆ ವಿಡಿಯೊ ಬರೆದುಕೊಡುತ್ತಿದ್ದ ಕಾಲದ ಯುಎಸ್‌ಬಿ ಡ್ರೈವ್ ಇತ್ತು, ಎರಡು ದಿನಕ್ಕೆ ತಂದೆ. ಪಿಎಸ್2 ಡಿಸ್ಕ್‌ಗಳ ಒಂದು ಅನುಕೂಲ ಏನೆಂದರೆ ಸಾಮಾನ್ಯ ಡಿವಿಡಿ ಡ್ರೈವ್ ಅವನ್ನು ಹಾಗೇ ಓದುತ್ತದೆ. ಡಿಸ್ಕಿನ ಮಾಹಿತಿಗೆ ಗೂಢಲಿಪಿಯ ಬೀಗ ಇಲ್ಲ. ಅಸಲಿಯೋ ನಕಲಿಯೋ ಎಂದು ಪರೀಕ್ಷಿಸುವುದು ಕನ್ಸೋಲಿನ ಕೆಲಸ. ಹಾಗಾಗಿ ಇಮ್ಜ್‌ಬರ್ನ್‌ನಂಥ ಉಚಿತ ಸಾಫ್ಟ್‌ವೇರ್‌ನಲ್ಲಿ ಡಿಸ್ಕಿನಿಂದ ಇಮೇಜ್ ಫೈಲ್ ಮಾಡುವ ಆಯ್ಕೆ ಒತ್ತಿದರೆ ಸಾಕು. ಇಡೀ ಡಿವಿಡಿ ಒಂದೇ ‘ಐಎಸ್ಒ’ ಫೈಲ್ ಆಗಿ ಹಾರ್ಡ್ ಡಿಸ್ಕಿಗೆ ಬರುತ್ತದೆ. ಒಂದು ಡಿಸ್ಕಿಗೆ ಕಾಲು ಗಂಟೆ, ಗೀರು ಬಿದ್ದಿದ್ದರೆ ಇನ್ನೂ ಹೆಚ್ಚು. ಒರೆಸುವಾಗ ಗುಂಡಗೆ ತಿರುಗಿಸಿ ಒರೆಸಬಾರದು, ನಡುವಿನಿಂದ ಅಂಚಿನ ಕಡೆಗೆ ನೇರವಾಗಿ ಒರೆಸಬೇಕು.

ಸಾಮಾನ್ಯ ಡಿವಿಡಿ ಹಿಡಿಯುವುದು 4.7 ಜಿಬಿ. ‘ಗ್ರಾನ್ ಟುರಿಸ್ಮೊ 4’ ಎರಡು ಪದರದ ಡಿವಿಡಿಯಲ್ಲಿ ಬಂದ ಆಟ, ಅದರ ಫೈಲ್ 5 ಜಿಬಿ ದಾಟುತ್ತದೆ. ಫ್ಯಾಟ್32 ಮಾದರಿಯಲ್ಲಿ ಫಾರ್ಮ್ಯಾಟ್ ಆದ ಪೆನ್ ಡ್ರೈವ್‌ನಲ್ಲಿ 4 ಜಿಬಿಗಿಂತ ದೊಡ್ಡ ಫೈಲ್ ಕೂರುವುದಿಲ್ಲ ಎನ್ನುವುದನ್ನು ನೆನಪಿಡಿ. ಪ್ರತಿ ಡಿಸ್ಕನ್ನು ಎರಡು ಸಲ ಓದಿಸಿ, ಎರಡೂ ಫೈಲ್‌ಗಳ ‘ಚೆಕ್‌ಸಮ್’ ಹೋಲಿಸಿದೆ. ಫೈಲಿನ ಪ್ರತಿ ಅಂಶವನ್ನೂ ಲೆಕ್ಕ ಹಾಕಿ ಬರುವ ಸಂಖ್ಯೆ ಅದು, ಫೈಲಿನ ಬೆರಳಚ್ಚು ಎನ್ನಬಹುದು. ಎರಡೂ ಒಂದೇ ಆಗಿದ್ದರೆ ಓದಿದ್ದು ಸರಿಯಾಗಿದೆ ಎಂದು ನಂಬಬಹುದು. ಒಂಬತ್ತರಲ್ಲಿ ಎಂಟು ಸರಿಯಾಗಿ ಬಂದವು. ಒಂದು ಮಾತ್ರ ಎಷ್ಟು ಸಲ ಹಾಕಿದರೂ ಮುಕ್ಕಾಲು ಭಾಗಕ್ಕೆ ಬಂದು ಮುಗ್ಗರಿಸಿತು.

ಎಮ್ಯುಲೇಟರ್‌ಗೆ ಆಟದ ಜೊತೆಗೆ ಇನ್ನೊಂದು ಬೇಕು. ಕನ್ಸೋಲಿನ ‘ಬಯೋಸ್’, ಅಂದರೆ ಯಂತ್ರ ಆನ್ ಆದ ಕೂಡಲೇ ಎಚ್ಚರಗೊಳ್ಳುವ ಒಳಗಿನ ಪ್ರೋಗ್ರಾಂ. ಅದರ ಹಕ್ಕು ಸೋನಿಯದು, ಆದ್ದರಿಂದ ಪಿಸಿಎಸ್ಎಕ್ಸ್2 ತಂಡದವರು ಅದನ್ನು ಕೊಡುವುದಿಲ್ಲ. ನಮ್ಮ ಕನ್ಸೋಲಿನಿಂದಲೇ ತೆಗೆಯಿರಿ ಎನ್ನುತ್ತಾರೆ. ಅದಕ್ಕೆ ‘ಫ್ರೀ ಎಂಸಿ ಬೂಟ್’ ಎಂಬ ಸಾಫ್ಟ್‌ವೇರ್ ತುಂಬಿದ ಮೆಮೊರಿ ಕಾರ್ಡ್ ಬೇಕು. ಅದನ್ನು ಸಿಕ್ಕಿಸಿ ಕನ್ಸೋಲ್ ಆನ್ ಮಾಡಿದರೆ ಡಿಸ್ಕ್ ಇಲ್ಲದೆಯೇ ಒಂದು ಮೆನು ಬರುತ್ತದೆ. ಅಲ್ಲಿಂದ ಬಯೋಸ್ ತೆಗೆಯುವ ಪುಟ್ಟ ಪ್ರೋಗ್ರಾಂ ಓಡಿಸಿ ಪೆನ್ ಡ್ರೈವ್‌ಗೆ ಇಳಿಸಿಕೊಳ್ಳಬಹುದು. ತೀರಾ ಕೊನೆಗೆ ಬಂದ ಕೆಲವು ಮಾದರಿಗಳಲ್ಲಿ ಈ ಉಪಾಯ ನಡೆಯುವುದಿಲ್ಲ, ನಮ್ಮದು ಹಳೆಯದಾದ್ದರಿಂದ ನಡೆಯಿತು. ಇಲ್ಲೊಂದು ಮುಖ್ಯ ಸಂಗತಿ ಇದೆ. ಲೆನ್ಸ್ ಸತ್ತಿದ್ದರೂ ಈ ಕೆಲಸ ಆಗುತ್ತದೆ, ಆದರೆ ಕನ್ಸೋಲ್ ಆನ್ ಆಗಲೇಬೇಕು. ಅಟ್ಟದ ಮೇಲೆ ಇನ್ನೂ ಹತ್ತು ವರ್ಷ ಇಟ್ಟು ಆಮೇಲೆ ನೋಡೋಣ ಎಂದರೆ ಏನೂ ಸಿಗಲಿಕ್ಕಿಲ್ಲ.

ರೂಮ್‌ಮೇಟ್‌ಗೆ ಎರಡನೇ ಉತ್ತರ ಸಿಕ್ಕಿದ್ದು ಇಲ್ಲೇ. ಪಿಎಸ್2ರ ಮೆಮೊರಿ ಕಾರ್ಡ್ ಬರೀ 8 ಎಂಬಿ. ಇಂದು ಮೊಬೈಲಿನಲ್ಲಿ ತೆಗೆದ ಎರಡು ಮೂರು ಫೋಟೊ ಅಷ್ಟಾಗುತ್ತವೆ. ಆ 8 ಎಂಬಿಯಲ್ಲಿ ಅಣ್ಣನ ಆಟಗಳ ಸೇವ್ ಇತ್ತು. ನೆಟ್‌ನಲ್ಲಿ ಯಾವ ಗೇಮ್ ಬೇಕಾದರೂ ಸಿಗಬಹುದು, ಅಣ್ಣನ ಸೇವ್ ಮಾತ್ರ ಯಾವ ತಾಣದಲ್ಲೂ ಸಿಗುವುದಿಲ್ಲ. ಅದು ಇರುವುದು ಜಗತ್ತಿನಲ್ಲಿ ಆ ಒಂದೇ ಕಾರ್ಡಿನಲ್ಲಿ. ಅದೇ ಮೆನುವಿನಲ್ಲಿರುವ ಫೈಲ್ ಮ್ಯಾನೇಜರ್‌ನಿಂದ ಒಂದೊಂದೇ ಸೇವ್ ಅನ್ನು ಪೆನ್ ಡ್ರೈವ್‌ಗೆ ನಕಲು ಮಾಡಿದೆ. ಪಿಎಸ್2ರ ಯುಎಸ್‌ಬಿ ಆಮೆ ನಡಿಗೆಯದು, ಆದರೆ ಫೈಲ್‌ಗಳು ಚಿಕ್ಕವು. ನಂತರ ಕಂಪ್ಯೂಟರಿನಲ್ಲಿ ಒಂದು ನಕಲಿ ಮೆಮೊರಿ ಕಾರ್ಡ್ ಫೈಲ್ ಮಾಡಿ ಅದರೊಳಗೆ ಸೇರಿಸಿದೆ.

ಮೂರನೇ ಉತ್ತರ ನಮ್ಮ ಡಬ್ಬದ ತಳದಲ್ಲಿತ್ತು, ‘ಹನುಮಾನ್: ಬಾಯ್ ವಾರಿಯರ್’. 2009ರಲ್ಲಿ ಬಂದ ಈ ಆಟವನ್ನು ಪಿಎಸ್2ಗಾಗಿ ತಯಾರಿಸಿದ್ದು ಹೈದರಾಬಾದಿನ ಅರೋನಾ ಟೆಕ್ನಾಲಜೀಸ್. ಅದೇ ಊರಿನ ಗೇಮ್‌ಶಾಸ್ತ್ರ ‘ದೇಸಿ ಅಡ್ಡಾ’ ಮಾಡಿತ್ತು. ಅದರಲ್ಲಿ ಕಬಡ್ಡಿ, ನಮ್ಮ ಚಿನ್ನಿದಾಂಡು ಎಲ್ಲ ಇದ್ದವು. ಇವು ಪ್ರಪಂಚದ ಶ್ರೇಷ್ಠ ಆಟಗಳೇನಲ್ಲ. ಹನುಮಂತನ ಜಿಗಿತ ನೋಡಿದರೆ ಈಗಿನ ಮಕ್ಕಳು ನಗಬಹುದು. ಆದರೆ ದೊಡ್ಡ ಕನ್ಸೋಲಿಗೆ ನಮ್ಮವರೇ ಕೂತು ಆಟ ಕಟ್ಟಿದ ಮೊದಮೊದಲ ಪ್ರಯತ್ನಗಳಿವು. ಹಾಲಿವುಡ್‌ನಷ್ಟು ದೊಡ್ಡದಾದ ಆಟಗಳನ್ನು ಯಾರಾದರೂ ಉಳಿಸಿಕೊಳ್ಳುತ್ತಾರೆ. ಇವನ್ನು ಉಳಿಸಬೇಕಾದವರು ಯಾರು? ಡಿಸ್ಕ್ ಕೈಯಲ್ಲಿರುವವರೇ ಅಲ್ಲವೇ?

ಉಳಿಯದೇ ಹೋಗುವ ಪ್ರಮಾಣ ಸಣ್ಣದಲ್ಲ. ಅಮೆರಿಕದ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಆ ದೇಶದಲ್ಲಿ 2010ಕ್ಕೂ ಮುಂಚೆ ಬಿಡುಗಡೆಯಾದ ಗೇಮ್‌ಗಳ ಪೈಕಿ ಶೇ 87ರಷ್ಟು ಈಗ ಯಾವ ರೂಪದಲ್ಲೂ ಮಾರಾಟಕ್ಕೆ ಇಲ್ಲ. ದುಡ್ಡು ಕೊಡುತ್ತೇನೆ ಎಂದರೂ ತೆಗೆದುಕೊಳ್ಳುವವರಿಲ್ಲ!

ಹೊಸ ಆಟಗಳ ಪಾಡು ಬೇರೆ. ನಿಂಟೆಂಡೊ ತನ್ನ 3ಡಿಎಸ್ ಮತ್ತು ವೀ ಯು ಕನ್ಸೋಲ್‌ಗಳ ಆನ್‌ಲೈನ್ ಅಂಗಡಿಯಲ್ಲಿ ಮಾರಾಟ ನಿಲ್ಲಿಸಿದ್ದು 2023ರ ಮಾರ್ಚ್‌ನಲ್ಲಿ. ಯುಬಿಸಾಫ್ಟ್‌ನ ‘ದಿ ಕ್ರ್ಯೂ’ ಎಂಬ ಕಾರ್ ರೇಸ್ ಆಟದ ಸರ್ವರ್ 2024ರ ಮಾರ್ಚ್ ಕೊನೆಗೆ ಬಂದ್ ಆದಾಗ, ಡಿಸ್ಕ್ ಕೊಂಡವರ ಕೈಯಲ್ಲಿ ಉಳಿದದ್ದು ಬರೀ ಪ್ಲಾಸ್ಟಿಕ್. ಇತ್ತೀಚಿನ ಕನ್ಸೋಲ್‌ಗಳ ಡಿಸ್ಕ್, ಕಾರ್ಟ್ರಿಡ್ಜ್‌ಗಳಿಗೆ ಗಟ್ಟಿ ಬೀಗವೂ ಇರುತ್ತದೆ. 2012ರ ತಿದ್ದುಪಡಿಯಲ್ಲಿ ನಮ್ಮ ಕಾಯ್ದೆಗೆ ಸೇರಿದ 65ಎ ಸೆಕ್ಷನ್, ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ಇಂಥ ಬೀಗ ಮುರಿಯುವವರಿಗೆ ಎರಡು ವರ್ಷದವರೆಗೆ ಜೈಲು ಎನ್ನುತ್ತದೆ. ಅಮೆರಿಕದಲ್ಲಿ ನಿಂಟೆಂಡೊ ಸ್ವಿಚ್ ಕನ್ಸೋಲಿನ ‘ಯುಜು’ ಎಮ್ಯುಲೇಟರ್ ಮಾಡಿದವರು 2024ರಲ್ಲಿ 24 ಲಕ್ಷ ಡಾಲರ್ ಕೊಡಲು ಒಪ್ಪಿ ಬಾಗಿಲು ಹಾಕಿದರು. ಪಿಎಸ್2ರ ಡಿಸ್ಕ್ ಕಾಪಿ ಮಾಡಿದಷ್ಟು ಸಲೀಸಲ್ಲ ಹೊಸ ಆಟಗಳ ವ್ಯವಹಾರ. ಅದಕ್ಕೇ ಹಳೆಯ ಡಿಸ್ಕ್ ಇದ್ದವರು ಅದೃಷ್ಟವಂತರು ಎಂದು ನನಗನಿಸುವುದು.

ಅದೃಷ್ಟದ ಜೊತೆಗೆ ಒಂದಷ್ಟು ನಿಯಮವೂ ಇರಲಿ. ಬ್ಯಾಕಪ್ ಮಾಡಿದ ಮೇಲೆ ಅಸಲಿ ಡಿಸ್ಕ್ ಎಸೆಯಬೇಡಿ, ನಿಮ್ಮ ಪ್ರತಿಗೆ ಅದೇ ಪಹಣಿ. ಡಿಸ್ಕ್ ಮಾರಿದರೆ ಫೈಲ್ ಅಳಿಸಿಬಿಡಿ. ಸ್ನೇಹಿತರಿಗೆ ಹಂಚಬೇಡಿ, ಬೇಕಾದರೆ ಮನೆಗೆ ಕರೆದು ಜೊತೆಗೆ ಆಡಿ. ಫೈಲ್‌ಗಳನ್ನು ಎರಡು ಕಡೆ ಇಡಿ. ಹಾರ್ಡ್ ಡಿಸ್ಕೂ ಒಂದು ದಿನ ಮುದಿಯಾಗುತ್ತದೆ.

ಆಟ ಕಂಪ್ಯೂಟರಿನಲ್ಲಿ ಹೇಗಿದೆ ಎಂದು ಕೇಳಿದರೆ, ಚಿತ್ರ ಹಿಂದೆಂದೂ ಇಲ್ಲದಷ್ಟು ಸ್ಪಷ್ಟ. ಹಳೆಯ ಟಿ.ವಿ.ಯಲ್ಲಿ ಮಸುಕಾಗಿದ್ದ ನಂಬರ್ ಪ್ಲೇಟ್‌ಗಳನ್ನು ಈಗ ಓದಬಹುದು. ಆದರೆ ಪಿಎಸ್2ರ ಅಸಲಿ ಕಂಟ್ರೋಲರ್‌ನ ಗುಂಡಿಗಳಿಗೆ ಎಷ್ಟು ಒತ್ತಿದೆವು ಎನ್ನುವುದೂ ತಿಳಿಯುತ್ತಿತ್ತು. ಮೆಲ್ಲಗೆ ಒತ್ತಿದರೆ ಕಾರು ಮೆಲ್ಲಗೆ, ಜೋರಾಗಿ ಒತ್ತಿದರೆ ಜೋರು. ನನ್ನ ಅಗ್ಗದ ಯುಎಸ್‌ಬಿ ಗೇಮ್‌ಪ್ಯಾಡ್‌ಗೆ ಆ ನಯ ಗೊತ್ತಿಲ್ಲ. ಒತ್ತಿದರೆ ಪೂರ್ತಿ ವೇಗ, ಬಿಟ್ಟರೆ ಏನೂ ಇಲ್ಲ. ಹಾಗಾಗಿ ವೇಗದ ಕೆಲಸವನ್ನು ಅನಲಾಗ್ ಕಡ್ಡಿಗೆ ವಹಿಸಿ ಹೊಸದಾಗಿ ಕಲಿಯುತ್ತಿದ್ದೇನೆ.

‘ಗ್ರಾನ್ ಟುರಿಸ್ಮೊ 4’ರಲ್ಲಿ 700ಕ್ಕೂ ಹೆಚ್ಚು ಕಾರುಗಳಿವೆ. ಅಣ್ಣನ ಗ್ಯಾರೇಜ್ ತೆರೆದುಕೊಂಡ ದಿನ ಅವನಿಗೆ ವಿಡಿಯೊ ಕಾಲ್ ಮಾಡಿ ಪರದೆ ತೋರಿಸಿದೆ. ಶೇ 61ರಷ್ಟು ಆಟ ಮುಗಿದಿತ್ತು. ಡ್ಯೂಟಿಯಿಂದ ಆಗಷ್ಟೇ ಬಂದು ರೂಮಿನಲ್ಲಿ ಅನ್ನಕ್ಕಿಟ್ಟಿದ್ದವನು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ಕೇಳಿದ್ದು ಒಂದೇ ಮಾತು: ‘ಕೆಂಪು ಕಾರು ಮಾರಿಲ್ಲ ತಾನೇ?’

ಮಾರಿಲ್ಲ. ನಾನು ಬೇರೆ ಮೆಮೊರಿ ಕಾರ್ಡ್ ಫೈಲ್ ಮಾಡಿಕೊಂಡು, ಸೊನ್ನೆಯಿಂದ ಶುರು ಮಾಡಿದ್ದೇನೆ. ಡಿಸ್ಕ್ ನನಗೆ ಕೊಟ್ಟಿದ್ದಾನೆ ನಿಜ, ಆದರೆ ಬಾಕಿ ಇರುವ ಆ ಶೇ 39 ಅವನದು. ಯುಗಾದಿಗೆ ರಜೆ ಸಿಕ್ಕರೆ ಬರುತ್ತಾನಂತೆ.